ಹಂಗಾಮಿ ಕಾಕಾ

ಎರಡೂ ಎರಡೂ ನಾಲ್ಕು ಎಂಬುದನ್ನು ನೀವೂ ನಾನೂ ಸುಮ್ಮನೆ ನಂಬಿಬಿಟ್ಟಿದ್ದೇವೆ. ನಮ್ಮ ಕಾಕಾ ನಂಬಿರಲಿಲ್ಲ! ಸಾಧಿಸಿ ನೋಡಿ, ಆಮೇಲೆ ಒಪ್ಪಿದ ಆಸಾಮಿ. "ದೇವರಾಣೆ, ನೀರು ಬೆರಸಿಲ್ಲ" ಎಂದ ಹಾಲಿನವನಿಗೆ "ಮೊದಲ ದೇವರು ಅದಾನ ಅಂತ ತೋರಸು" ಎಂದವರು. ಆತ ಮರುದಿನದಿಂದ ನಮ್ಮ ಓಣಿಯನ್ನೇ ಬಿಟ್ಟ.

ಮಹಾಯುದ್ಧದಲ್ಲಿ ರಂಗೂನಿನ ಮೇಲೆ ಬಾಂಬು ಬಿದ್ದಾಗ, ಅಲ್ಲಿ ಗಣಿತ ಕಲಿಸುತ್ತಿದ್ದ ಕಾಕಾ ಕಾಡುಮೇಡು ಹಾದು ನಡೆದೇ ಬಂದರು. ಜೀವ ಉಳಿಯಿತು, ಅಲ್ಲಿಯೇ ಪಡೆದ ಎಂ.ಎ. ಪ್ರಮಾಣಪತ್ರ ಯಾವುದೋ ಹೊಳೆಯ ಪಾಲಾಯಿತು. ಪುಣೆಯ ಕಾಲೇಜೊಂದು "ಕಾಗದ ತಂದ ದಿನ ಕಾಯಂ" ಎಂದು ಹಂಗಾಮಿಯಾಗಿ ಸೇರಿಸಿಕೊಂಡಿತು. ರಂಗೂನಿನಿಂದ ಕಾಗದ ಬರಲಿಲ್ಲ. ಶಿಷ್ಯರು ಬಡ್ತಿ ಪಡೆದು ಅವರ ಮೇಲೆ ಕೂತರು. ವಿಲಾಯತಿ ಪತ್ರಿಕೆಯಲ್ಲಿ ಅವರ ಲೇಖನ ಅಚ್ಚಾದಾಗಲೂ ನೋಟಿಸ್ ಬೋರ್ಡಿನಲ್ಲಿ ಹೆಸರಿನ ಮುಂದೆ ಕಂಸ, ಕಂಸದೊಳಗೆ 'ಹಂಗಾಮಿ'.

"ಕಂಸದಾಗಿಂದು ಮೊದಲ ಬಿಡಸಬೇಕಲೇ ತಮ್ಮಾ. ಮೂವತ್ತ ವರ್ಷ ಆತು, ಇವರಿಗೆ ಬಿಡಸಾಕ ಬರವಲ್ತು!"

ಕಾಕಾ ನಕ್ಕರು. ನನಗೆ ನಗು ಬರಲಿಲ್ಲ. ಪುಣೆಯ ಅಂಚಿನ ಖಡಕಿಯ ಅವರ ಕೋಣೆಯಲ್ಲಿ ಅಂಗಿ ತೂಗುಹಾಕಲು ಒಂದು ಮೊಳೆಯೂ ಇರಲಿಲ್ಲ. ಎಲ್ಲ ಟ್ರಂಕಿನಲ್ಲಿ, ಎಬ್ಬಿಸಿದರೆ ಹೊರಡಲು ಸಿದ್ಧ.

ಎಪ್ಪತ್ತರ ದಶಕ. ನಿವೃತ್ತಿಗೆ ಮೂರೇ ತಿಂಗಳು. ವಿಜಾಪುರದ ಕಡೆಯ ಹೊಸ ಪ್ರಿನ್ಸಿಪಾಲರು ಕರುಣೆ ತೋರಿದರು: ಕಾಕಾರನ್ನು ರಂಗೂನಿನಲ್ಲಿ ಕಂಡವರೊಬ್ಬರು ಎಂ.ಎ.ಗೆ ಸಾಕ್ಷಿ ಹೇಳಿದರೆ ಕಾಯಂ! ಪುಣೆಯ ಕ್ಯಾಂಪ್ ಪೇಟೆಯ ಅಂಗಡಿ ಅಂಗಡಿ ಅಲೆದು, ಹಿಂದೆ ರಂಗೂನಿನಲ್ಲಿದ್ದ ಕನ್ನಡದ ಬಟ್ಟೆ ವ್ಯಾಪಾರಿಯೊಬ್ಬರನ್ನು ನಾನು ಹಿಡಿದು ತಂದೆ.

"ಇವರು ಎಂ.ಎ. ಪಾಸಾಗಿದ್ದು ನಿಮಗ ಗೊತ್ತದೇನ್ರಿ?" ಪ್ರಿನ್ಸಿಪಾಲರು ಕೇಳಿದರು.

"ಹೌದ್ರಿ! ಓಣಿಗೆಲ್ಲಾ ಸಕ್ಕರಿ ಹಂಚಿದ್ರಲ್ರಿ!"

ಸಹಿಗೆ ಇಳಿದ ಪ್ರಿನ್ಸಿಪಾಲರ ಪೆನ್ನು ಕಾಗದಕ್ಕೆ ತಾಗಲು ಅಂಗುಲವಿತ್ತು. ಕಾಕಾ ಎದ್ದು ನಿಂತರು.

"ಸಕ್ಕರಿ ಹಂಚಿದ್ರ ಪಾಸಾದಂಗ ಆಗೂದಿಲ್ರಿ. ನಪಾಸಾದಾಂವನೂ ಹಂಚಬಹುದು."

ಪ್ರಿನ್ಸಿಪಾಲರು ನಿಟ್ಟುಸಿರುಬಿಟ್ಟು ಪೆನ್ನಿನ ಟೋಪಿ ಮುಚ್ಚಿದರು.

ಆ ಸಂಜೆ ಸಿಟ್ಟಿನಲ್ಲಿ ನಾನೇ ಬರೆದೆ: 'ಇವರ ಪ್ರಮಾಣಪತ್ರವನ್ನು ನಾನು ಕಣ್ಣಾರೆ ಕಂಡಿದ್ದೇನೆ.' ಕೆಳಗೆ ಸಹಿ, ಸರಕಾರಿ ಕಾರಖಾನೆಯ ನನ್ನ ಹುದ್ದೆ. ಅವರು ರಂಗೂನ್ ಬಿಟ್ಟಾಗ ನಾನು ಹುಟ್ಟಿಯೇ ಇರಲಿಲ್ಲ!

ಕಾಕಾ ಎರಡು ಸಲ ಓದಿದರು. ಈಗ ಹರಿದುಹಾಕುತ್ತಾರೆ ಎಂದುಕೊಂಡೆ. ಅಂಗೈಯಿಂದ ಮಡಿಕೆ ತೀಡಿ, ಕೋಟಿನ ಒಳಜೇಬಿನಲ್ಲಿ ಇಟ್ಟುಕೊಂಡರು.

"ನಾಳೆ ಕೊಡ್ತೀರೇನ್ರಿ?"

"ಹುಚ್ಚ, ಕೊಟ್ರ ನಿನ್ನ ನೌಕರಿ ಹೋಗ್ತದ." ಜೇಬಿನ ಮೇಲಿನ ಕೈ ಹಾಗೇ ಇತ್ತು. "ಇಷ್ಟ ವರ್ಷಕ್ಕ ನನ್ನ ಸಲುವಾಗಿ ಒಂದ ಕಾಗದ ಬಂತು. ಅವರಿಗ್ಯಾಕ ಕೊಡಲಿ?"