ಕೈ ಆಡಿಸದ ಐದು ನಿಮಿಷ

ಮನುಷ್ಯರನ್ನ ಕಾಯೋಕೆ ಮೆಷಿನ್ ಇಟ್ಟ ಕಡೆಯೆಲ್ಲ ಇಂಥದ್ದು ಆಗ್ತಾನೇ ಇರತ್ತೆ. ನಮ್ಮ ಆಫೀಸಲ್ಲಿ ಅದನ್ನ ಇಟ್ಟ ಪುಣ್ಯಾತ್ಮ ನಾನೇ ಆದ್ದರಿಂದ, ನಗುವಾಗ ನನಗೆ ಒಳಗೊಳಗೇ ಚುರುಕ್ ಅನ್ನತ್ತೆ.

ಶಿಕಾರಿಪುರ ಬಸ್‌ಸ್ಟ್ಯಾಂಡ್ ಹತ್ತಿರ ಒಂದು ಮಹಡಿ ಮೇಲೆ ನಮ್ಮ ಆಫೀಸು. ಜನ ತರೋ ಹಳೇ ಜಮೀನು ಕಾಗದ, ಕ್ರಯಪತ್ರ, ಪಾಲುಪಟ್ಟಿ ನೋಡಿ ಕಂಪ್ಯೂಟರಲ್ಲಿ ಟೈಪ್ ಮಾಡಿಕೊಡೋದು ಕೆಲಸ. ಕಂಪ್ಯೂಟರ್ ಕೆಟ್ಟರೆ ಸರಿ ಮಾಡೋನು ನಾನು. ಒಂದು ದಿನ ಮಾಲೀಕರು ಕರೆದು, ಯಾರು ಕೆಲಸ ಮಾಡ್ತಾರೆ, ಯಾರು ಸುಮ್ಮನೆ ಕೂರ್ತಾರೆ ಅನ್ನೋದು ತಮಗೆ ಕೂತಲ್ಲೇ ಗೊತ್ತಾಗಬೇಕು ಅಂದರು. ನಾನು ಇಂಟರ್ನೆಟ್ಟಿಂದ ಒಂದು ಸಣ್ಣ ಪ್ರೋಗ್ರಾಂ ಫೈಲು ಇಳಿಸಿ, ನನ್ನದೂ ಸೇರಿ ಎಲ್ಲ ಕಂಪ್ಯೂಟರಿಗೂ ಹಾಕಿದೆ. ಅದಕ್ಕೆ ಬರೋದು ಒಂದೇ ವಿದ್ಯೆ. ಕೀಬೋರ್ಡು, ಮೌಸು ಮುಟ್ಟಿ ಎಷ್ಟು ಹೊತ್ತಾಯ್ತು ಅಂತ ಎಣಿಸ್ತಾ ಕೂರೋದು. ಐದು ನಿಮಿಷ ದಾಟಿದರೆ ಮಾಲೀಕರ ಪರದೆ ಮೇಲೆ ಆ ಕಂಪ್ಯೂಟರಿನ ನಂಬರು ಕೆಂಪಾಗ್ತಿತ್ತು.

ಮೊದಲ ಕೆಂಪು

ಮೊದಲ ದಿನ ಹನ್ನೊಂದು ಗಂಟೆಗೆ ಮಾಲೀಕರು ಕೂಗಿದರು. ಹೋಗಿ ನೋಡಿದರೆ ಪರದೆ ಮೇಲೆ ಒಂದೇ ಒಂದು ನಂಬರು ಕೆಂಪಾಗಿತ್ತು. ಒಂದನೇ ನಂಬರು, ಅಂದರೆ ಅವರದ್ದೇ. ಬೆಳಿಗ್ಗೆಯಿಂದ ಅವರು ಬೇರೆಯವರ ನಂಬರು ಯಾವಾಗ ಕೆಂಪಾಗತ್ತೆ ಅಂತ ಕೈಕಟ್ಟಿ ನೋಡ್ತಾ ಕೂತಿದ್ದರಂತೆ.

"ನನ್ನದರಿಂದ ಇದನ್ನ ತೆಗೀರಿ. ನಾನು ಯೋಚನೆ ಮಾಡ್ತಾ ಇರ್ತೀನಿ" ಅಂದರು. ತೆಗೆದೆ. ಯೋಚನೆ ಮಾಡೋಕೆ ಆಫೀಸಲ್ಲಿ ಅಪ್ಪಣೆ ಇದ್ದದ್ದು ಅವರೊಬ್ಬರಿಗೇ.

ಸೆಕೆ

ನಮ್ಮ ಟೈಪಿಸ್ಟ್ ಒಬ್ಬನಿಗೆ ನಾಲ್ಕು ಗಂಟೆಯಾದರೆ ಮಿರ್ಚಿ ಮಂಡಕ್ಕಿ ಆಗಲೇಬೇಕು. ಅವನು ಮೌಸಿಗೆ ಹೂ ಕಟ್ಟೋ ದಾರ ಸುತ್ತಿ, ಅದನ್ನ ಕತ್ತು ತಿರುಗಿಸೋ ಟೇಬಲ್ ಫ್ಯಾನಿಗೆ ಕಟ್ಟಿ ಇಳಿದು ಹೋಗ್ತಿದ್ದ. ಫ್ಯಾನು ಅತ್ತ ತಿರುಗಿದರೆ ಮೌಸು ಅತ್ತ, ಇತ್ತ ತಿರುಗಿದರೆ ಇತ್ತ. ನನಗೆ ಗೊತ್ತಿತ್ತು. ನಕ್ಕು ಸುಮ್ಮನಾದೆ.

ಆದರೆ ಕರೆಂಟ್ ಹೋದರೆ ಯುಪಿಎಸ್ ಮೇಲೆ ಕಂಪ್ಯೂಟರ್ ಓಡತ್ತೆ, ಫ್ಯಾನ್ ಓಡಲ್ಲ. ಅವನ ನಂಬರು ಕೆಂಪಾಗೋಕೆ ಶುರುವಾಯ್ತು. ಮಾಲೀಕರು ಕರೆದು, ಏನಪ್ಪಾ, ಕರೆಂಟ್ ಹೋದಾಗ ಮಾತ್ರ ನಿನ್ನ ಕೈ ನಿಲ್ತದಲ್ಲ ಅಂದರು. ಸೆಕೆ ಸಾರ್, ಬೆವರಿಗೆ ಬೆರಳು ಓಡಲ್ಲ ಅಂದ. ಮಾಲೀಕರಿಗೆ ಪಾಪ ಅನ್ನಿಸಿ, ಮಾರನೇ ದಿನವೇ ಬ್ಯಾಟರಿ ಫ್ಯಾನ್ ತಂದುಕೊಟ್ಟರು. ಅದೂ ಕತ್ತು ತಿರುಗಿಸೋ ಫ್ಯಾನೇ.

ಓದುವ ಅಕ್ಕ

ಇನ್ನು ಮುಂದಿನದು ಹೇಳೋಕೆ ನನಗೇ ನಾಚಿಕೆ.

ಅಷ್ಟರಲ್ಲಿ ಹೊಸದಾಗಿ ಕೆಲಸಕ್ಕೆ ಸೇರಿದ ಒಬ್ಬರು ಅಕ್ಕ, ಸೊರಬದಿಂದ ದಿನಾ ಶಿರಾಳಕೊಪ್ಪದಲ್ಲಿ ಬಸ್ ಬದಲಿಸಿ ಬರ್ತಿದ್ದರು. ಐವತ್ತು ದಾಟಿತ್ತು. ಅವರಪ್ಪ ಶ್ಯಾನುಭೋಗರು, ಅಕ್ಷರಕ್ಕೆ ಅಕ್ಷರ ಅಂಟಿಸಿ ಬರೆದ ಹಳೇ ಕೈಬರಹ ಓದೋದನ್ನ ಮಗಳಿಗೆ ಕಲಿಸಿದ್ದರು. ಆ ವಿದ್ಯೆಯಿಂದ ಮೊದಲನೇ ಸಲ ಒಂದು ನೌಕರಿ ಅಂತ ಸಿಕ್ಕಿತ್ತು ಅವರಿಗೆ. ಟಿಫಿನ್ ಡಬ್ಬಿ ಹಿಡಿದು ಮೆಟ್ಟಿಲು ಹತ್ತುವಾಗ ಅವರ ಮುಖ ನೋಡಬೇಕಿತ್ತು, ಹೊಸದಾಗಿ ಶಾಲೆಗೆ ಸೇರಿದವರ ಥರ.

ಅವರು ಕಾಗದಾನ ಕಿಟಕಿ ಬೆಳಕಿಗೆ ಹಿಡಿದು, ಸಾಲಿನ ಮೇಲೆ ಬೆರಳಿಟ್ಟು, ಕಾಲು ಗಂಟೆ ಓದ್ತಿದ್ದರು. ಆಮೇಲೆ ನಾಲ್ಕು ಸಾಲು ಟೈಪ್ ಮಾಡ್ತಿದ್ದರು. ಒಂದು ತಪ್ಪೂ ಇರ್ತಿರಲಿಲ್ಲ. ಆದರೆ ಅವರ ನಂಬರು ಮಾತ್ರ ಇಡೀ ದಿನ ಕೆಂಪು.

"ತಮ್ಮಾ, ಇದಕ್ಕೆ ಓದೋದು ಕಾಣೋದಿಲ್ವನೋ?" ಅಂತ ಕೇಳಿದರು.

ಕೈ ಮಾತ್ರ ಕಾಣತ್ತೆ ಅಕ್ಕ, ಆಗಾಗ ಮೌಸ್ ಆಡಿಸ್ತಿರಿ ಅಂದೆ. ಎರಡು ದಿನ ಪ್ರಯತ್ನಪಟ್ಟರು. ಮೌಸಿನ ಕಡೆ ಗಮನ ಕೊಟ್ಟರೆ ಸಾಲು ತಪ್ತದೆ, ಸಾಲು ತಪ್ಪಿದರೆ ಒಬ್ಬರ ಗದ್ದೆ ಇನ್ನೊಬ್ಬರಿಗೆ ಹೋಗ್ತದೆ ಅಂದು ಬಿಟ್ಟುಬಿಟ್ಟರು.

ಐದು ಅನ್ನೋದನ್ನ ಮೂವತ್ತು ಮಾಡಿದ್ದರೆ ಮುಗೀತಿತ್ತು. ಒಂದು ಅಂಕಿ. ಮಾಲೀಕರನ್ನ ಕೇಳೋಕೆ ನನಗೆ ಅಳುಕು. ನಾಳೆ ಕೇಳೋಣ, ನಾಳೆ ಕೇಳೋಣ ಅಂತ ತಿಂಗಳು ಕಳೆದೆ.

ತಿಂಗಳ ಕೊನೆಗೆ ಮಾಲೀಕರು ಎಲ್ಲರನ್ನೂ ಸೇರಿಸಿ, ಒಂದು ನಿಮಿಷವೂ ಕೈ ನಿಲ್ಲಿಸದ ಕೆಲಸಗಾರ ಅಂತ ಒಬ್ಬನಿಗೆ ಶಾಲು ಹೊದಿಸಿ, ಹಾರ ಹಾಕಿ, ಹಣ್ಣಿನ ಬುಟ್ಟಿ ಕೊಟ್ಟರು. ಮಿರ್ಚಿ ಮಂಡಕ್ಕಿಯವನೇ. ಅಕ್ಕನೂ ಚಪ್ಪಾಳೆ ತಟ್ಟಿದರು. ಆಮೇಲೆ ಮಾಲೀಕರು ಅಕ್ಕನ್ನ ಒಳಗೆ ಕರೆದು, ನಾಳೆಯಿಂದ ಬರಬೇಡಿ ಅಂದರು. ನ್ಯಾಯವಾಗಿ ಆ ಶಾಲು ಫ್ಯಾನಿಗೆ ಹೊದಿಸಬೇಕಿತ್ತು.

ಹುಣಸೆಮರ

ಅಕ್ಕನ ಕಾಗದಗಳೆಲ್ಲ ಶಾಲಿನವನ ಪಾಲಿಗೆ ಬಂದವು. ಹತ್ತು ದಿನಕ್ಕೆ ತೊಗರ್ಸಿ ಕಡೆಯ ಒಬ್ಬ ಹಿರಿಯರು ತಮ್ಮ ಕಾಗದ ಹಿಡಿದು ಮೇಲೆ ಬಂದರು. ಮೂಲದಲ್ಲಿ, ಜಮೀನಿನ ಪೂರ್ವದ ಗಡಿ ಹುಣಸೆಮರ ಅಂತ ಇತ್ತು. ನಮ್ಮವನು ಓದೋಕೆ ಬರದೆ, ಹುಣಸೆಮರಾನ ಜಮೀನಿನ ಯಜಮಾನರ ಹೆಸರಿನ ಜಾಗದಲ್ಲಿ ಕೂರಿಸಿದ್ದ. ಆ ಹಿರಿಯರ ಅಪ್ಪನ ಎರಡು ಎಕರೆ ಈಗ ಮರದ ಹೆಸರಲ್ಲಿತ್ತು.

ಹಿರಿಯರು ಸಿಟ್ಟಾಗಲಿಲ್ಲ. "ಆ ಮರ ಹೋಗಿ ಭಾಳ ವರ್ಷ ಆತು ರೀ. ಅದಕ್ಕ ನಮ್ಮನ್ನ ಬಿಟ್ರ ಬೇರೆ ವಾರಸುದಾರರಿಲ್ಲ ಅಂತನಾರ ಬರಕೊಡ್ರಿ" ಅಂದರು.

ಸೊರಬದಲ್ಲಿ

ಮರುದಿನ ಬೆಳಿಗ್ಗೆ ಮಾಲೀಕರು ನನ್ನನ್ನ ಸೊರಬಕ್ಕೆ ಅಟ್ಟಿದರು, ಹೇಗಾದರೂ ಮಾಡಿ ಅಕ್ಕನ್ನ ಕರ್ಕೊಂಡು ಬನ್ನಿ ಅಂತ.

ಅಕ್ಕ ಚಾ ಕೊಟ್ಟರು. ಹುಣಸೆಮರದ ಕಾಗದದ ಫೋಟೋ ತೋರಿಸಿದರೆ, ನಿಂತಲ್ಲೇ ಓದಿ ತೊಗರ್ಸಿಯವರ ಅಪ್ಪನ ಹೆಸರು ಹೇಳಿದರು. ನನಗೆ ತಡೀಲಿಲ್ಲ. ಅಕ್ಕ, ಆ ಫೈಲು ಹಾಕಿದ್ದು ನಾನೇ, ಒಂದು ಅಂಕಿ ಬದಲಾಯಿಸಿದ್ದರೆ ನಿಮ್ಮ ಕೆಲಸ ಉಳೀತಿತ್ತು, ಕೇಳೋ ಧೈರ್ಯ ಮಾಡಲಿಲ್ಲ ಅಂತ ಹೇಳಿಬಿಟ್ಟೆ. ಅವರು ನನ್ನನ್ನ ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

"ಮೂವತ್ತು ವರ್ಷ ಮನೇಲಿ ದುಡಿದೆ ತಮ್ಮಾ. ಸುಮ್ಮನೆ ಕೂತಿದಾಳೆ ಅಂತ ನಮ್ಮತ್ತೆ ಸಹಿತ ಅಂದವರಲ್ಲ. ಅಲ್ಲಿ ಅನ್ನಿಸಿಕೊಂಡೆ. ನಾ ಬರೋದಿಲ್ಲ" ಅಂದರು.

ಅಷ್ಟೊತ್ತಿಗೆ ಫೋನ್ ಬಂತು. ಮಾಲೀಕರದ್ದು. ಅವರ ದನಿ ಇಡೀ ಪಡಸಾಲೆಗೆ ಕೇಳೋ ಅಂಥದ್ದು.

"ಎಲ್ಲಿದೀರಿ ರೀ? ಬೆಳಿಗ್ಗೆಯಿಂದ ನಿಮ್ಮ ನಂಬರು ಕೆಂಪಾಗೇ ಇದೆ!"

"ನೀವೇ ಸೊರಬಕ್ಕೆ ಕಳಿಸಿದ್ರಲ್ಲ ಸಾರ್."

"ಅದು ನನಗೆ ಗೊತ್ತು. ಇದಕ್ಕೆ ಗೊತ್ತಿಲ್ವಲ್ಲ ರೀ!"

ಅಕ್ಕ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕರು, ಕಣ್ಣಲ್ಲಿ ನೀರು ಬರೋವರೆಗೂ ನಕ್ಕರು. ಆಮೇಲೆ ನನ್ನ ಚಾ ಲೋಟ ಎತ್ತಿಕೊಂಡು ಎದ್ದರು.

"ಹೋಗು ತಮ್ಮಾ" ಅಂದರು, "ಬೇಗ ಹೋಗಿ ಕೈ ಆಡಿಸು. ನಿನ್ನ ಕೆಲಸನಾದ್ರೂ ಉಳೀಲಿ."