ಮಾವನ ಇಳಿಜಾರು

ನನ್ನ ಸೋದರಮಾವನಿಗೆ ತಲೆ ಕೆಟ್ಟಿದೆಯೆಂದು ಸರಸ್ವತಿಪುರಂನ ಅವರ ಬೀದಿಯವರೆಲ್ಲ ಒಮ್ಮತದಿಂದ ತೀರ್ಮಾನಿಸಿದ್ದು, ನಾನು ಅವರ ಮನೆಯಲ್ಲಿದ್ದು ಓದುತ್ತಿದ್ದ ತೊಂಬತ್ತರ ದಶಕದ ಕೊನೆಯಲ್ಲಿ. ಗಟ್ಟಿಮುಟ್ಟಾಗಿದ್ದ ಮೂರು ಮೆಟ್ಟಿಲುಗಳನ್ನು ಕೈಯಾರೆ ಒಡೆಸಿದವರನ್ನು ಇನ್ನೇನೆನ್ನಬೇಕು?

ಕಾರಣ ನಮ್ಮತ್ತೆ. ಬಸ್ಸಿನಿಂದ ಬಿದ್ದು ಬೆನ್ನುಮೂಳೆಗೆ ಪೆಟ್ಟಾಗಿ ಅವರು ಗಾಲಿಕುರ್ಚಿ ಹಿಡಿದು ಎರಡು ವರ್ಷವಾಗಿತ್ತು. ಮೆಟ್ಟಿಲಿಳಿಯಲು ಇಬ್ಬರು ಎತ್ತಬೇಕು. "ನಾನೇನು ಉತ್ಸವಮೂರ್ತಿನಾ?" ಎಂದು ಅತ್ತೆ ಹೊರಗೆ ಹೋಗುವುದನ್ನೇ ಬಿಟ್ಟಿದ್ದರು.

ಮಾವನ ಲೆಕ್ಕದಲ್ಲಿ ಒಂದಡಿ ಏರಲು ಹನ್ನೆರಡಡಿ ಇಳಿಜಾರು ಬೇಕು. ನೇರವಾಗಿ ಅಷ್ಟು ಜಾಗವೆಲ್ಲಿದೆ? ಇಳಿಜಾರು ತುಳಸಿಕಟ್ಟೆಗೆ ಪ್ರದಕ್ಷಿಣೆ ಹಾಕಿ ಗೇಟು ತಲುಪಿತು. ಆಮೇಲೆ ಮಾವ ಹೊಸ್ತಿಲಿಗೆ ಕೈಹಾಕಿದರು. ದಿನವೂ ಅರಿಸಿನ ಕುಂಕುಮ ಹಚ್ಚಿ ಪೂಜಿಸುವ ಹೊಸ್ತಿಲು! ಅಜ್ಜಿ ಕೆಂಡಾಮಂಡಲವಾದರು.

"ಹೊಸ್ತಿಲು ಕಿತ್ತರೆ ಲಕ್ಷ್ಮಿ ಹೊರಟೋಗ್ತಾಳೆ ಕಣೋ."

"ಹೋದೋಳು ಎಡವದೆ ವಾಪಸ್ಸೂ ಬರ್ತಾಳೆ ಬುಡಮ್ಮ."

ಕೊನೆಗೆ ರಾಜಿಯಾಯಿತು. ಹೊಸ್ತಿಲನ್ನು ನೆಲದ ಮಟ್ಟಕ್ಕೆ ಹೂಳಿದರು, ಅಜ್ಜಿ ಅಲ್ಲೇ ಕುಂಕುಮ ಹಚ್ಚಿದರು. ಅದು ಅತ್ತೆಯ ಗಾಲಿಗೆ ಮೆತ್ತಿ ಅಡುಗೆಮನೆಯವರೆಗೆ ಎರಡು ಕೆಂಪು ಗೆರೆ ಎಳೆಯುತ್ತಿತ್ತು. ಲಕ್ಷ್ಮಿ ಎಲ್ಲಿಯವರೆಗೆ ಬಂದಿದ್ದಾಳೆಂದು ಮಾವ ಅಜ್ಜಿಗೆ ತೋರಿಸುತ್ತಿದ್ದರು.

ಅತ್ತೆಗೆಂದು ಕಟ್ಟಿಸಿದ ದಾರಿಯಲ್ಲಿ ಅತ್ತೆಯೊಬ್ಬರನ್ನು ಬಿಟ್ಟು ಎಲ್ಲರೂ ಓಡಾಡಿದರು. ಗ್ಯಾಸಿನವನು ಸಿಲಿಂಡರನ್ನು ಉರುಳಿಸಿಕೊಂಡೇ ಬಂದ. ಪಕ್ಕದ ಮನೆಯ ಬಾಣಂತಿ ಕೂಸಿನ ಗಾಡಿ ತಂದಳು. ತಲೆ ಕೆಟ್ಟಿದೆ ಎಂದವರೇ ಸ್ಕೂಟರ್ ಹತ್ತಿಸಿ ನೆರಳಿಗೆ ನಿಲ್ಲಿಸಿದರು. ಮಂಡಿನೋವಿನ ಅಜ್ಜಿಯಂತೂ ದಿನಕ್ಕೆ ಹತ್ತು ಸಲ ಹತ್ತಿ ಇಳಿದು, "ಇಷ್ಟು ವರ್ಷ ಇದನ್ನ ಯಾಕೋ ಕಟ್ಟಿಸಲಿಲ್ಲ?" ಎಂದು ಮಾವನನ್ನೇ ಗದರಿದರು.

ಅತ್ತೆ ಮಾತ್ರ ಬಾಗಿಲವರೆಗೆ ಬಂದು, ಬೀದಿಯವರು ನೋಡುತ್ತಾರೆಂದು ಹಿಂದಿರುಗುತ್ತಿದ್ದರು. ಮಾವ ಒತ್ತಾಯಿಸಲಿಲ್ಲ. ಯಾರದಾದರೂ ಮದುವೆಗೆ ಹೋದರೆ ಮಾತ್ರ ವಧೂವರರನ್ನು ಬಿಟ್ಟು ಛತ್ರದ ಮೆಟ್ಟಿಲು ಅಳೆದು ಬರುತ್ತಿದ್ದರು.

ಒಂದು ಬೆಳಿಗ್ಗೆ ನೋಡಿದರೆ ಅತ್ತೆಯೂ ಇಲ್ಲ, ಕುರ್ಚಿಯೂ ಇಲ್ಲ. ನಾನು ಹುಡುಕಲು ಹೊರಟೆ. ಮಾವ ತಡೆದರು.

"ಹೋಗ್ಬೇಡ ಕಣೋ. ಬರ್ತಾಳೆ."

ಹೇಳಿದ್ದು ಧೈರ್ಯವಾಗಿಯೇ, ಆದರೆ ಗೇಟು ಬಿಟ್ಟು ಕದಲಲಿಲ್ಲ. ನನಗೂ ಭಯವಾಗಿತ್ತು. ಮುಕ್ಕಾಲು ಗಂಟೆಯಾದ ಮೇಲೆ ಅತ್ತೆ ತಿರುವಿನಲ್ಲಿ ಕಾಣಿಸಿದರು. ಮಡಿಲಲ್ಲಿ ದಂಟಿನ ಸೊಪ್ಪು, ಮುಖದ ತುಂಬ ಬೆವರು.

"ಒಂದು ಮಾತು ಹೇಳಿ ಹೋಗೋಕಾಗಲ್ವಾ?" ಮಾವ ರೇಗಿದರು.

"ಮದುವೆಯಾಗಿ ಮೂವತ್ತು ವರ್ಷ ಆಯ್ತು. ನೀವು ಯಾವತ್ತು ಹೇಳಿ ಹೋಗಿದ್ದೀರಿ?"

ಮಾವ ನಗಲು ಹೋದರು, ಆಗಲಿಲ್ಲ. ಬೀದಿಯವರೆಲ್ಲ ನೋಡುತ್ತಿದ್ದಂತೆಯೇ ಅತ್ತುಬಿಟ್ಟರು.

"ನಾಳೆನೂ ಹೇಳದೇ ಹೋಗು ಕಣೇ" ಎಂದರು.