ಮೇಷ್ಟ್ರ ಮೌಸ್ ಕೈ ಬದಲಿಸಿದ್ದು

"ಅಂಗಡಿಯವ್ರು ಕೊಟ್ಟ ಹಾಗೇ ಬಳಸೋದು ಎಂತದು? ನನ್ನ ಕೈಗೆ ಹೇಗೆ ಬೇಕೋ ಹಾಗೆ ಬಗ್ಗಿಸ್ತೀನಿ ನೋಡು," ಎಂದು ಶಿವಶಂಕರಪ್ಪ ಮೇಷ್ಟ್ರು ಹೊಸ ಮೌಸಿನ ಜೊತೆ ಬಂದಿದ್ದ ಸಿ.ಡಿ.ಯನ್ನು ಕಂಪ್ಯೂಟರಿಗೆ ಹಾಕಿದರು.

೨೦೦೪ರ ಒಂದು ಶನಿವಾರ. ಮುತ್ತಿನಕೊಪ್ಪದ ಆ ಮನೆಗೆ ಕಂಪ್ಯೂಟರ್ ಬಂದು ಆರು ತಿಂಗಳಾಗಿತ್ತು. ಇಡೀ ತಾಲ್ಲೂಕಿನ ಏಳನೇ ತರಗತಿಗೆ ಸಮಾಜದ ಪ್ರಶ್ನೆಪತ್ರಿಕೆ ಟೈಪ್ ಮಾಡುವ ಗೌರವ ಮೇಷ್ಟ್ರ ಪಾಲಿಗೆ ಬಂದಿತ್ತು. ಟೈಪಿಂಗ್ ಮುಗಿದಿತ್ತು. ಪ್ರಿಂಟ್ ತೆಗೆದು ಮೂರೂವರೆ ಬಸ್ಸಿಗೆ ನರಸಿಂಹರಾಜಪುರಕ್ಕೆ ಒಯ್ಯುವುದಷ್ಟೇ ಬಾಕಿ.

ಮೌಸ್ ಹೇಗೆ ಹೇಗೆ ಇರಬೇಕೆಂದು ಕೇಳುವ ಸಣ್ಣ ಸಣ್ಣ ಚೌಕಗಳು ತೆರೆಯ ಮೇಲೆ ಮೂಡಿದವು. ಯಾವ ಪ್ರಶ್ನೆಯನ್ನೂ ಖಾಲಿ ಬಿಡಬಾರದೆಂದು ಇಪ್ಪತ್ತು ವರ್ಷ ಮಕ್ಕಳಿಗೆ ಬೋಧಿಸಿದವರು ಅವರು. ಅಷ್ಟೂ ಚೌಕಗಳಿಗೆ ಗುರುತು ಹಾಕಿದರು.

ಮೌಸಿನ ಬಾಣ ಮಿಡತೆಯಂತೆ ನೆಗೆಯತೊಡಗಿತು. ಪ್ರಶ್ನೆಪತ್ರಿಕೆ ತೆರೆಯಲು ಒತ್ತಿದರೆ ಅದು ತೆರೆಯಲಿಲ್ಲ, ಉದ್ದನೆಯ ಪಟ್ಟಿಯೊಂದು ಇಳಿಯಿತು. ಪಟ್ಟಿಯಲ್ಲಿ ಎಲ್ಲೋ ಒತ್ತಿದರು. ಯಂತ್ರ ಇಂಗ್ಲಿಷಿನಲ್ಲಿ ಏನೋ ಕೇಳಿತು. ಗಾಬರಿಯಲ್ಲಿ ಎಂಟರ್ ಹೊಡೆದರು. ತಾಲ್ಲೂಕಿನ ಪ್ರಶ್ನೆಪತ್ರಿಕೆ ಕಂಪ್ಯೂಟರಿನ ಕಸದ ಬುಟ್ಟಿಗೆ ಬಿತ್ತು.

"ಗಂಗಾ, ಗಂಟೆ ಎಷ್ಟಾಯ್ತು?"

"ಮೂರು."

ಅವರ ಹೆಂಡತಿ ಗಂಗಾಂಬಿಕೆ ಕೈ ಒರೆಸಿಕೊಳ್ಳುತ್ತ ಬಂದರು. ಗಂಡನ ಮುಖ ನೋಡಿ, "ಸ್ವಲ್ಪ ಏಳಿ," ಎಂದು ಕುರ್ಚಿಯಲ್ಲಿ ತಾವು ಕೂತರು. ಗುಂಡಿಗಳನ್ನು ಒಂದೆರಡು ಸಲ ಒತ್ತಿ ನೋಡಿ, ಮೌಸನ್ನು ಕೀಬೋರ್ಡಿನ ಎಡಕ್ಕೆ ಇಟ್ಟುಕೊಂಡು ಎಡಗೈಯಲ್ಲಿ ಹಿಡಿದರು. ಬುಟ್ಟಿ ತೆರೆಯಿತು. ಪತ್ರಿಕೆ ಹೊರಬಂತು. ಪ್ರಿಂಟರ್ ಕರಕರ ಎಂದಿತು.

"ಎಡಗೈಲಿ ಎಂತಕ್ಕೆ ಹಿಡಿದೆ?"

"ನೀವು ಗುಂಡಿಗಳನ್ನ ಅದಲುಬದಲು ಮಾಡಿದೀರಿ. ಈಗ ಇದು ಎಡಗೈಯವರ ಮೌಸು. ನಾನೂ ಎಡಚಿಯೇ ಅಲ್ವಾ?"

"ನೀನಾ?"

"ಸಣ್ಣವಳಿದ್ದಾಗ ಉಣ್ಣೋಕೆ ಕೂತ್ರೆ ಅವ್ವ ನನ್ನ ಎಡಗೈನ ಅವಳ ಸೆರಗಿಗೆ ಕಟ್ಟಿಡ್ತಿದ್ಲು. ಬಲಗೈ ರೂಢಿ ಆಯ್ತು. ನೀವು ಶಾಲೆಗೆ ಹೋದ್ಮೇಲೆ ಹೊಲಿಗೆ, ತರಕಾರಿ ಹೆಚ್ಚೋದು ಎಲ್ಲ ಎಡಗೈಲೇ. ಇಸ್ಪೀಟೂ ಅಷ್ಟೆ."

"ಇಸ್ಪೀಟಾ?"

"ಕಂಪ್ಯೂಟರಲ್ಲಿ ಇದೆಯಲ್ಲ ಮಾರಾಯ್ರೆ. ಗುಂಡಿ ಉಲ್ಟಾ ಇದ್ದು ಬೆರಳು ನೋಯ್ತಿತ್ತು. ಇವತ್ತು ಸರಿಯಾಯ್ತು."

ಬಸ್ಸಿನ ಹಾರ್ನ್ ಕೇಳಿ ಮೇಷ್ಟ್ರು ಕಾಗದ ಎತ್ತಿಕೊಂಡು ಓಡಿದರು. ಕಿಟಕಿ ಪಕ್ಕ ಸೀಟು ಸಿಕ್ಕರೂ ಹೊರಗೆ ನೋಡಲಿಲ್ಲ. ತರಗತಿಯ ಹಿಂದಿನ ಬೆಂಚಿನಲ್ಲಿ ಯಾರು ಯಾರದನ್ನು ನೋಡಿ ಬರೆಯುತ್ತಾರೆಂದು ಬೆನ್ನು ತಿರುಗಿಸಿಯೇ ಹೇಳಬಲ್ಲವರು, ಮದುವೆಯಾಗಿ ಹದಿನಾಲ್ಕು ವರ್ಷ ಎದುರಿಗೇ ಇದ್ದ ಹೆಂಡತಿಯ ಕೈಯನ್ನು ನೋಡಿರಲಿಲ್ಲ.

ಸಂಜೆ ಮರಳಿದಾಗ ಗಂಗಾಂಬಿಕೆ ಅವರೆಕಾಯಿ ಸುಲಿಯುತ್ತಿದ್ದರು. ಮೇಷ್ಟ್ರು ಚಪ್ಪಲಿ ಬಿಟ್ಟು ಅಲ್ಲೇ ನೆಲದ ಮೇಲೆ ಕೂತರು.

"ಇಷ್ಟು ವರ್ಷ ನನ್ನ ಹತ್ರ ಒಂದು ಮಾತು ಹೇಳ್ಬಾರದಿತ್ತಾ?"

ಗಂಗಾಂಬಿಕೆ ಸುಲಿದ ಕಾಳನ್ನು ಬಟ್ಟಲಿಗೆ ಹಾಕಿದರು. ಮೇಷ್ಟ್ರು ಒಂದು ಕಾಯಿ ಎತ್ತಿಕೊಂಡು, ಸುಲಿಯದೆ, ಸಣ್ಣ ದನಿಯಲ್ಲಿ ಅಂದರು: "ಎಡಗೈಲಿ ಬರೆಯೋ ಮಕ್ಕಳಿಗೆ ನಾನು ಶಾಲೇಲಿ ಅಡಿಕೋಲಲ್ಲಿ ಹೊಡೆದಿದೀನಿ ಗಂಗಾ. ಬೆರಳ ಗಿಣ್ಣಿಗೆ."

"ಗೊತ್ತು," ಎಂದರು ಗಂಗಾಂಬಿಕೆ. "ಅದಕ್ಕೇ ಹೇಳಿರ್ಲಿಲ್ಲ."